ಅಮೆರಿಕನ್ ಫುಟ್‌ಬಾಲ್ ಅರ್ಥವಾಗಬೇಕೆ? ಹೊಸ ನೋಡುಗರಿಗೆ ಹಂತ ಹಂತದ ಮಾರ್ಗದರ್ಶಿ

ಅಮೆರಿಕದಲ್ಲಿ ಮಕ್ಕಳೋ ಬಂಧುಗಳೋ ನೆಲೆಸಿರುವವರು, ಅಲ್ಲಿಗೆ ಓದಲು ಹೊರಟ ವಿದ್ಯಾರ್ಥಿಗಳು, ಬೆಂಗಳೂರಿನಲ್ಲಿ ಕುಳಿತು ಅಲ್ಲಿನ ಕಂಪನಿಗಳಿಗೆ ಕೆಲಸ ಮಾಡುವವರು ಮತ್ತೆ ಮತ್ತೆ ಕೇಳುವ ಪ್ರಶ್ನೆಯೊಂದಿದೆ: ಈ ಅಮೆರಿಕನ್ ಫುಟ್‌ಬಾಲನ್ನು ನೋಡುವುದು ಹೇಗೆ? ಐದು ಸೆಕೆಂಡು ಆಡುತ್ತಾರೆ, ಅರ್ಧ ನಿಮಿಷ ನಿಲ್ಲುತ್ತಾರೆ. ಚೆಂಡು ಯಾರ ಕೈಯಲ್ಲಿದೆ ಎಂದು ತಿಳಿಯುವಷ್ಟರಲ್ಲಿ ಎಲ್ಲರೂ ಒಬ್ಬರ ಮೇಲೊಬ್ಬರು ಬಿದ್ದಿರುತ್ತಾರೆ. ಯಾರೋ ಹಳದಿ ಬಟ್ಟೆ ಎಸೆಯುತ್ತಾರೆ, ಆಗಷ್ಟೇ ಕುಣಿಯುತ್ತಿದ್ದವರು ತಲೆ ತಗ್ಗಿಸಿ ಹಿಂದಕ್ಕೆ ನಡೆಯುತ್ತಾರೆ.

ನಿಯಮಗಳ ಪಟ್ಟಿಯನ್ನು ಬಾಯಿಪಾಠ ಮಾಡಿ ಈ ಆಟವನ್ನು ಕಲಿಯಲು ಹೊರಟವರು ಹೆಚ್ಚಾಗಿ ಅರ್ಧದಲ್ಲೇ ಕೈಬಿಡುತ್ತಾರೆ. ಇದರ ಬಹುತೇಕ ವಿಚಿತ್ರ ನಿಯಮಗಳು ಯಾವುದೋ ಕಾಲದಲ್ಲಿ ಎದುರಾದ ಒಂದು ನಿರ್ದಿಷ್ಟ ತೊಂದರೆಗೆ ಕಂಡುಕೊಂಡ ಪರಿಹಾರಗಳು. ಒಂದು ತಂಡ ಚೆಂಡನ್ನು ಬಿಟ್ಟುಕೊಡದೆ ಸತಾಯಿಸಿತು, ಅದಕ್ಕೊಂದು ನಿಯಮ ಬಂತು. ಹುಡುಗರು ಮೈದಾನದಲ್ಲಿ ಸತ್ತರು, ಅದಕ್ಕೆ ಇನ್ನೊಂದು ಬಂತು. ತೊಂದರೆ ಏನಿತ್ತೆಂದು ತಿಳಿದರೆ ನಿಯಮ ತಾನಾಗಿ ನೆನಪಿನಲ್ಲಿ ಉಳಿಯುತ್ತದೆ. ಆದ್ದರಿಂದ ಈ ಲೇಖನದಲ್ಲಿ ಇತಿಹಾಸಕ್ಕೆ ಬೇರೆ ಅಧ್ಯಾಯ ಮಾಡದೆ, ಪ್ರತಿ ಹಂತದಲ್ಲೂ ನಿಯಮದ ಜೊತೆಗೇ ಅದನ್ನು ಹೇಳಿದ್ದೇನೆ.

ಮೊದಲು ಏನು ಬೇಕು?

ಮುಖ್ಯವಾಗಿ ಬೇಕಾದುದು ಸಮಯ. ಪಂದ್ಯದ ಅಧಿಕೃತ ಅವಧಿ ತಲಾ 15 ನಿಮಿಷಗಳ ನಾಲ್ಕು ಭಾಗಗಳಂತೆ 60 ನಿಮಿಷ. ಮುಗಿಯಲು ಹಿಡಿಯುವುದು ಮೂರು ಗಂಟೆಗೂ ಹೆಚ್ಚು. ಅದರಲ್ಲಿ ಚೆಂಡು ನಿಜವಾಗಿ ಆಟದಲ್ಲಿರುವುದು ಸುಮಾರು 11 ನಿಮಿಷ ಮಾತ್ರ. ಇದನ್ನು ಕೇಳಿ ನಗುವವರುಂಟು. ಆದರೆ ಕ್ರಿಕೆಟ್ಟಿನಲ್ಲಿ ಒಂದು ಎಸೆತ ಮುಗಿದು ಮುಂದಿನದು ಬರುವ ಮೊದಲು ನಾಯಕ ಫೀಲ್ಡರುಗಳನ್ನು ಎಲ್ಲಿಂದ ಎಲ್ಲಿಗೆ ಸರಿಸಿದನೆಂದು ಗಮನಿಸುವ ಅಭ್ಯಾಸವಿರುವವರಿಗೆ ಇಲ್ಲಿನ ಬಿಡುವು ಬೇಸರ ತರಬೇಕಾಗಿಲ್ಲ. ಆಟದ ತಂತ್ರವೆಲ್ಲ ರೂಪುಗೊಳ್ಳುವುದು ಆ ಬಿಡುವಿನಲ್ಲಿಯೇ.

ಎರಡನೆಯದು ಗಡಿಯಾರದ ಹೊಂದಾಣಿಕೆ. ವೃತ್ತಿಪರ ಲೀಗ್ ಆದ ನ್ಯಾಷನಲ್ ಫುಟ್‌ಬಾಲ್ ಲೀಗ್, ಅಂದರೆ ಎನ್‌ಎಫ್‌ಎಲ್, ಸೆಪ್ಟೆಂಬರಿನಿಂದ ಜನವರಿ ಮೊದಲ ವಾರದವರೆಗೆ ನಡೆಯುತ್ತದೆ. ಅಲ್ಲಿನ ಪೂರ್ವ ಕರಾವಳಿಯ ಸಮಯದಂತೆ ಭಾನುವಾರ ಮಧ್ಯಾಹ್ನ 1 ಗಂಟೆಗೆ ಶುರುವಾಗುವ ಪಂದ್ಯ ನಮ್ಮಲ್ಲಿ ಭಾನುವಾರ ರಾತ್ರಿ 10:30ಕ್ಕೆ ಬರುತ್ತದೆ. ನವೆಂಬರಿನ ಮೊದಲ ಭಾನುವಾರ ಅವರು ಗಡಿಯಾರವನ್ನು ಒಂದು ಗಂಟೆ ಹಿಂದಕ್ಕೆ ತಿರುಗಿಸುವುದರಿಂದ ಆಮೇಲೆ 11:30ಕ್ಕೆ. ಫೆಬ್ರವರಿಯಲ್ಲಿ ನಡೆಯುವ ಅಂತಿಮ ಪಂದ್ಯ ಸೂಪರ್ ಬೌಲ್ ನಮಗೆ ಸೋಮವಾರ ಬೆಳಗಿನ ಜಾವ ಸುಮಾರು 5 ಗಂಟೆಗೆ.

ಎಚ್ಚರಿಕೆ: ಮೊಟ್ಟಮೊದಲು ಸೂಪರ್ ಬೌಲನ್ನೇ ನೋಡಬೇಡಿ. ಹೊಸಬರು ಮಾಡುವ ಸಾಮಾನ್ಯ ತಪ್ಪು ಇದು. ಜಾಹೀರಾತು, ಸಂಗೀತ, ಸಮಾರಂಭಗಳ ನಡುವೆ ಆಟದ ಎಳೆ ಕೈಗೆ ಸಿಗುವುದಿಲ್ಲ. ಅಕ್ಟೋಬರಿನ ಯಾವುದಾದರೂ ಸಾಧಾರಣ ಪಂದ್ಯದ ಮೊದಲಾರ್ಧವನ್ನು ಪೂರ್ತಿ ನೋಡುವುದು ಹೆಚ್ಚು ಉಪಯುಕ್ತ. ಆಯ್ದ ತುಣುಕುಗಳನ್ನಷ್ಟೇ ನೋಡಿದರೂ ಪ್ರಯೋಜನವಿಲ್ಲ, ಏಕೆಂದರೆ ಅವುಗಳಲ್ಲಿ ಸಫಲವಾದ ಪ್ರಯತ್ನಗಳು ಮಾತ್ರ ಇರುತ್ತವೆ. ಈ ಆಟ ಅರ್ಥವಾಗುವುದು ವಿಫಲ ಪ್ರಯತ್ನಗಳನ್ನು ನೋಡಿದಾಗ.

ಹಂತ 1: ಮೈದಾನವನ್ನು ಓದಿ

ಗೋಲ್ ಗೆರೆಯಿಂದ ಗೋಲ್ ಗೆರೆಗೆ ಮೈದಾನ 100 ಗಜ ಉದ್ದ, ಅಂದರೆ 91 ಮೀಟರಿಗಿಂತ ತುಸು ಹೆಚ್ಚು. ಎರಡೂ ತುದಿಗಳಲ್ಲಿ 10 ಗಜಗಳ ಪಟ್ಟಿಗಳಿವೆ. ಅವನ್ನು ಎಂಡ್ ಝೋನ್ ಎನ್ನುತ್ತಾರೆ. ಎದುರಾಳಿಯ ಎಂಡ್ ಝೋನಿನೊಳಗೆ ಚೆಂಡನ್ನು ಒಯ್ಯುವುದೇ ಆಟದ ಗುರಿ. ಮೈದಾನದ ಮೇಲೆ ಬರೆದ ಅಂಕಿಗಳು 10ರಿಂದ ಹತ್ತತ್ತಾಗಿ ಏರಿ ನಡುವೆ 50 ಮುಟ್ಟುತ್ತವೆ, ಅಲ್ಲಿಂದ ಮುಂದೆ 40, 30 ಎಂದು ಇಳಿಯುತ್ತವೆ. ಹಾಗಾಗಿ ವೀಕ್ಷಕ ವಿವರಣೆಗಾರ 25 ಗಜ ಎಂದರೆ ಯಾರ 25 ಎಂದು ಕೇಳಿಕೊಳ್ಳಬೇಕು. ತನ್ನದೇ 25ರ ಗೆರೆಯಲ್ಲಿರುವ ತಂಡ ಇನ್ನೂ 75 ಗಜ ಸಾಗಬೇಕು. ಎದುರಾಳಿಯ 25ರಲ್ಲಿರುವ ತಂಡಕ್ಕೆ ಉಳಿದಿರುವುದು 25 ಗಜ ಮಾತ್ರ.

ಟಿವಿಯಲ್ಲಿ ಕಾಣುವ ಹಳದಿ ಗೆರೆ ಮೈದಾನದಲ್ಲಿ ಇಲ್ಲ. ತಂಡ ಎಲ್ಲಿಯವರೆಗೆ ತಲುಪಬೇಕೆಂದು ಕಂಪ್ಯೂಟರ್ ಎಳೆದು ತೋರಿಸುವ ಗೆರೆ ಅದು, 1998ರಿಂದ ಬಳಕೆಯಲ್ಲಿದೆ. ನಿಜವಾದ ಅಳತೆ ಬಹುಕಾಲ ಅಂಚಿನಲ್ಲಿ ನಿಂತ ಸಿಬ್ಬಂದಿ ಹಿಡಿದ ಎರಡು ಕೋಲುಗಳ ನಡುವಿನ 10 ಗಜಗಳ ಸರಪಳಿಯಿಂದ ಬರುತ್ತಿತ್ತು; ಎನ್‌ಎಫ್‌ಎಲ್‌ನಲ್ಲಿ 2025ರಿಂದ ಮುಖ್ಯವಾಗಿ ಕ್ಯಾಮೆರಾಗಳಿಂದ ಅಳೆಯುತ್ತಾರೆ.

ಹಂತ 2: ಡೌನ್ ಲೆಕ್ಕವನ್ನು ಕಲಿಯಿರಿ

ಈ ಒಂದು ಹಂತ ಅರ್ಥವಾದರೆ ಉಳಿದುದು ಸುಲಭ. ಡೌನ್ ಎಂದರೆ ಒಂದು ಪ್ರಯತ್ನ. ಚೆಂಡು ಹೊಂದಿರುವ ತಂಡಕ್ಕೆ ನಾಲ್ಕು ಪ್ರಯತ್ನಗಳಿವೆ, ಅಷ್ಟರಲ್ಲಿ ಅದು 10 ಗಜ ಮುಂದುವರಿಯಬೇಕು. ಮುಂದುವರಿದರೆ ಮತ್ತೆ ಹೊಸದಾಗಿ ನಾಲ್ಕು ಪ್ರಯತ್ನಗಳು ಸಿಗುತ್ತವೆ. ಇಲ್ಲವಾದರೆ ಚೆಂಡು ಇದ್ದ ಜಾಗದಲ್ಲೇ ಎದುರಾಳಿಯ ಪಾಲಾಗುತ್ತದೆ. ಚೆಂಡು ಹಿಡಿದವನನ್ನು ಕೆಡವಿದಾಗ, ಅವನು ಅಂಚಿನ ಗೆರೆ ದಾಟಿದಾಗ ಅಥವಾ ಎಸೆದ ಚೆಂಡನ್ನು ಯಾರೂ ಹಿಡಿಯದೆ ಅದು ನೆಲಕ್ಕೆ ಬಿದ್ದಾಗ ಒಂದು ಪ್ರಯತ್ನ ಮುಗಿಯುತ್ತದೆ.

ಇಂಥ ನಿಯಮವೇಕೆ ಬೇಕಾಯಿತು? 1869ರ ನವೆಂಬರ್ 6ರಂದು ನ್ಯೂಜೆರ್ಸಿಯ ನ್ಯೂ ಬ್ರನ್ಸ್‌ವಿಕ್‌ನಲ್ಲಿ ರಟ್ಗರ್ಸ್ ಮತ್ತು ಪ್ರಿನ್ಸ್‌ಟನ್ ಕಾಲೇಜುಗಳು ಆಡಿದ ಪಂದ್ಯವನ್ನು ಈ ಆಟದ ಆರಂಭವೆಂದು ಎಣಿಸುವುದು ರೂಢಿ. ಅಂದು ಪ್ರತಿ ತಂಡದಲ್ಲಿ 25 ಜನರಿದ್ದರು, ಚೆಂಡನ್ನು ಕೈಯಲ್ಲಿ ಹಿಡಿದು ಓಡುವಂತಿರಲಿಲ್ಲ. ನೋಡಲು ಅದು ಸಾಕರ್‌ಗೇ ಹತ್ತಿರವಾಗಿತ್ತು. ರಟ್ಗರ್ಸ್ 6-4ರಿಂದ ಗೆದ್ದಿತು. 1874ರಲ್ಲಿ ಕೆನಡಾದ ಮೆಕ್‌ಗಿಲ್ ವಿಶ್ವವಿದ್ಯಾಲಯದ ತಂಡ ಹಾರ್ವರ್ಡಿಗೆ ಬಂದು ರಗ್ಬಿ ಮಾದರಿಯಲ್ಲಿ ಚೆಂಡು ಹಿಡಿದು ಓಡುವುದನ್ನು ತೋರಿಸಿತು. ಹಾರ್ವರ್ಡ್ ಹುಡುಗರಿಗೆ ಅದು ಹಿಡಿಸಿತು, ಮರುವರ್ಷ ಅವರು ಯೇಲ್ ವಿರುದ್ಧ ಆಡಿದರು, ಎರಡು ವರ್ಷಗಳಲ್ಲಿ ಪೂರ್ವದ ದೊಡ್ಡ ಕಾಲೇಜುಗಳು ರಗ್ಬಿಯ ಕಡೆಗೆ ವಾಲಿದವು.

ಅಲ್ಲಿಂದ ಮುಂದಿನದು ಹೆಚ್ಚಾಗಿ ಒಬ್ಬನ ಕೆಲಸ. ಯೇಲ್‌ನ ಆಟಗಾರ ವಾಲ್ಟರ್ ಕ್ಯಾಂಪ್ 1880ರಲ್ಲಿ, ಇಪ್ಪತ್ತೊಂದನೆಯ ವಯಸ್ಸಿನಲ್ಲಿ, ತಂಡದ ಸಂಖ್ಯೆಯನ್ನು 11ಕ್ಕೆ ಇಳಿಸುವಂತೆ ನಿಯಮ ಸಮಿತಿಯನ್ನು ಒಪ್ಪಿಸಿದ. ಅದಕ್ಕಿಂತ ಮುಖ್ಯವಾಗಿ, ರಗ್ಬಿಯಲ್ಲಿ ಎರಡೂ ಕಡೆಯವರು ಚೆಂಡಿಗಾಗಿ ಗುಂಪುಗೂಡಿ ನೂಕಾಡುವ ಪದ್ಧತಿಯನ್ನು ತೆಗೆದು, ಚೆಂಡು ಒಂದೇ ತಂಡದ್ದು, ಅದರ ಆಟಗಾರನೊಬ್ಬ ಹಿಂದಿರುವವನಿಗೆ ಅದನ್ನು ಕೊಟ್ಟು ಆಟ ಆರಂಭಿಸಬೇಕು ಎಂಬ ಪದ್ಧತಿ ತಂದ. ಆ ಕೊಡುವಿಕೆಯೇ ಇಂದಿನ ಸ್ನ್ಯಾಪ್. ಎರಡು ತಂಡಗಳ ನಡುವಿನ ಆ ಗೆರೆಗೆ ಸ್ಕ್ರಿಮೇಜ್ ಗೆರೆ ಎಂದು ಹೆಸರು.

ಸುಧಾರಣೆಯ ದೋಷ ಬೇಗನೆ ಹೊರಬಿತ್ತು. ಚೆಂಡು ಒಂದು ತಂಡದ್ದೆಂದ ಮೇಲೆ ಅದನ್ನು ಬಿಟ್ಟುಕೊಡುವ ಅಗತ್ಯವೇನು? 1881ರಲ್ಲಿ ಯೇಲ್ ಮತ್ತು ಪ್ರಿನ್ಸ್‌ಟನ್ ಆಡಿದಾಗ ಒಂದು ತಂಡ ಒಂದು ಅರ್ಧವನ್ನೂ ಇನ್ನೊಂದು ತಂಡ ಇನ್ನೊಂದು ಅರ್ಧವನ್ನೂ ಚೆಂಡನ್ನು ಅಪ್ಪಿಕೊಂಡೇ ಕಳೆದವು. ಮುಂದೆ ಹೋಗುವ ಪ್ರಯತ್ನವೇ ಇರಲಿಲ್ಲ. ಪಂದ್ಯ 0-0ರಲ್ಲಿ ಮುಗಿಯಿತು. ಇದಕ್ಕೆ ಉತ್ತರವಾಗಿ 1882ರಲ್ಲಿ ಮೂರು ಪ್ರಯತ್ನಗಳಲ್ಲಿ 5 ಗಜ ಸಾಗದ ತಂಡ ಚೆಂಡನ್ನು ಒಪ್ಪಿಸಬೇಕೆಂಬ ನಿಯಮ ಬಂತು. ಐದು ಗಜವನ್ನು ಅಳೆಯಬೇಕಾದ್ದರಿಂದ ಮೈದಾನದ ತುಂಬ ಅಡ್ಡಗೆರೆಗಳು ಬಂದವು. ದೂರ 1906ರಲ್ಲಿ 10 ಗಜವಾಯಿತು, ನಾಲ್ಕನೆಯ ಪ್ರಯತ್ನ 1912ರಲ್ಲಿ ಸೇರಿತು.

ಈಗ ಟಿವಿ ಪರದೆಯ ಮೂಲೆಯಲ್ಲಿ ಕಾಣುವ ಎರಡು ಅಂಕಿಗಳನ್ನು ಓದೋಣ. ಮೊದಲನೆಯದು ಎಷ್ಟನೆಯ ಪ್ರಯತ್ನ, ಎರಡನೆಯದು ಇನ್ನೆಷ್ಟು ಗಜ ಬೇಕು. ತಂಡ ತನ್ನ 25ರಿಂದ ಶುರು ಮಾಡಿದೆ ಎಂದುಕೊಳ್ಳಿ: 1ನೆಯ ಪ್ರಯತ್ನ, 10 ಗಜ. ಚೆಂಡು ಹಿಡಿದು ಓಡಿದವ 3 ಗಜ ಗಳಿಸಿ ಬಿದ್ದ. ಈಗ 2ನೆಯದು, 7 ಗಜ. ಎಸೆದ ಚೆಂಡು ನೆಲಕ್ಕೆ ಬಿತ್ತು. 3ನೆಯದು, 7 ಗಜ. ಪ್ರೇಕ್ಷಕರ ಗದ್ದಲ ಏರುವುದು ಇಲ್ಲಿ. ಏಳು ಗಜ ಓಡಿ ಗಳಿಸುವುದು ಕಷ್ಟವಾದ್ದರಿಂದ ಎಸೆಯುತ್ತಾರೆಂದು ಎದುರಾಳಿಗೂ ಗೊತ್ತು. ಎಸೆತ ಕೈಸೇರಿ 9 ಗಜ ಬಂದರೆ 35ರ ಗೆರೆ ದಾಟಿ, 37ರಲ್ಲಿ ಮತ್ತೆ 1ನೆಯದು, 10 ಗಜ. ಬರದಿದ್ದರೆ 4ನೆಯದು, 7 ಗಜ. ಈ ಸ್ಥಿತಿಯಲ್ಲಿ ಬಹುತೇಕ ತಂಡಗಳು ಚೆಂಡನ್ನು ಎದುರಾಳಿಯ ಕಡೆಗೆ ದೂರ ಒದ್ದುಬಿಡುತ್ತವೆ. ಇದನ್ನು ಪಂಟ್ ಎನ್ನುತ್ತಾರೆ. ಹೇಗೂ ಚೆಂಡು ಕೈತಪ್ಪುವುದಾದರೆ ನಲವತ್ತು ಗಜ ಆಚೆಗೆ ತಪ್ಪಲಿ ಎಂಬುದು ಲೆಕ್ಕ.

ಎಚ್ಚರಿಕೆ: ಹೊಸಬರು ಅಂಕಗಳನ್ನು ಮಾತ್ರ ನೋಡಿ, ಏನೂ ನಡೆಯುತ್ತಿಲ್ಲ ಎಂದುಕೊಳ್ಳುತ್ತಾರೆ. ಮೊದಲ ಕೆಲವು ಪಂದ್ಯಗಳಲ್ಲಿ ಅಂಕಗಳನ್ನು ಮರೆತು ಈ ಎರಡು ಅಂಕಿಗಳನ್ನೇ ಹಿಂಬಾಲಿಸಿ.

ಹಂತ 3: ಅಂಕಗಳು

ಚೆಂಡು ಎದುರಾಳಿಯ ಗೋಲ್ ಗೆರೆಯನ್ನು ತಲುಪಿದರೆ ಟಚ್‌ಡೌನ್, 6 ಅಂಕ. ಹೆಸರು ಹೇಳುವಂತೆ ನೆಲಕ್ಕೆ ಮುಟ್ಟಿಸಬೇಕಾಗಿಲ್ಲ. ಹಿಡಿತದಲ್ಲಿರುವ ಚೆಂಡಿನ ತುದಿ ಗೆರೆಯ ನೇರಕ್ಕೆ ಬಂದರೆ ಸಾಕು. ಆಮೇಲೆ ಒಂದು ಹೆಚ್ಚುವರಿ ಅವಕಾಶ: ಎಂಡ್ ಝೋನಿನ ಹಿಂದಿರುವ ಎರಡು ಕಂಬಗಳ ನಡುವೆ ಚೆಂಡು ಒದ್ದರೆ 1 ಅಂಕ, 2 ಗಜ ದೂರದಿಂದ ಮತ್ತೆ ಎಂಡ್ ಝೋನಿಗೆ ಒಯ್ದರೆ 2. ಟಚ್‌ಡೌನ್ ಅಸಾಧ್ಯವೆನಿಸಿದಾಗ ಕಂಬಗಳ ನಡುವೆ ಚೆಂಡು ಒದೆಯುವುದು ಫೀಲ್ಡ್ ಗೋಲ್, 3 ಅಂಕ. ಚೆಂಡು ಹಿಡಿದವನನ್ನು ಅವನದೇ ಎಂಡ್ ಝೋನಿನಲ್ಲಿ ಕೆಡವಿದರೆ ಸೇಫ್ಟಿ, ಕೆಡವಿದ ತಂಡಕ್ಕೆ 2 ಅಂಕ.

1883ರಲ್ಲಿ ಮೊದಲ ಬಾರಿಗೆ ಅಂಕಪಟ್ಟಿ ಮಾಡಿದಾಗ ಟಚ್‌ಡೌನ್‌ಗೆ ಕೇವಲ 2 ಅಂಕವಿತ್ತು, ಫೀಲ್ಡ್ ಗೋಲಿಗೆ 5! ಕಾಲಿನ ಆಟದಿಂದ ಕೈಯ ಆಟವಾಗಿ ಬದಲಾಗುತ್ತಾ ಬಂದ ಮೂವತ್ತು ವರ್ಷಗಳಲ್ಲಿ ಈ ತಕ್ಕಡಿ ಪೂರ್ತಿ ಮಗುಚಿತು. 1909ರಲ್ಲಿ ಫೀಲ್ಡ್ ಗೋಲ್ 3ಕ್ಕೆ ಇಳಿದು, 1912ರಲ್ಲಿ ಟಚ್‌ಡೌನ್ 6ಕ್ಕೆ ಏರಿತು.

ಫೀಲ್ಡ್ ಗೋಲಿನ ದೂರ ಎಣಿಸುವಾಗ ಬಹಳ ಮಂದಿ ಎಡವುತ್ತಾರೆ. ಕಂಬಗಳು ಎಂಡ್ ಝೋನಿನ ಹಿಂಬದಿಯಲ್ಲಿವೆ, ಒದೆಯುವವ ಸ್ಕ್ರಿಮೇಜ್ ಗೆರೆಗಿಂತ ಸುಮಾರು 7 ಗಜ ಹಿಂದೆ ನಿಂತಿರುತ್ತಾನೆ. ಆದ್ದರಿಂದ ಗೆರೆಯ ಅಂಕಿಗೆ 17 ಕೂಡಿಸಬೇಕು. ಎದುರಾಳಿಯ 38ರಲ್ಲಿ ಚೆಂಡಿದ್ದರೆ ಒದೆತ 55 ಗಜಗಳದ್ದು. ನಾಲ್ಕನೆಯ ಪ್ರಯತ್ನ, 2 ಗಜ ಬಾಕಿ, ಚೆಂಡು 38ರಲ್ಲಿ: ಒದೆಯಬೇಕೆ, ಪಂಟ್ ಮಾಡಬೇಕೆ, ಎರಡು ಗಜಕ್ಕಾಗಿ ನುಗ್ಗಬೇಕೆ? ಈ ಆಟದಲ್ಲಿ ತರಬೇತುದಾರರು ಬೈಸಿಕೊಳ್ಳುವುದು ಹೆಚ್ಚಾಗಿ ಇಂಥ ತೀರ್ಮಾನಗಳಿಗಾಗಿ.

ಹಂತ 4: ಯಾರು ಯಾವ ಕೆಲಸ ಮಾಡುತ್ತಾರೆ?

ಎನ್‌ಎಫ್‌ಎಲ್ ತಂಡದ ಪಟ್ಟಿಯಲ್ಲಿ 53 ಆಟಗಾರರಿರುತ್ತಾರೆ, ಒಮ್ಮೆಗೆ 11 ಮಂದಿ ಆಡುತ್ತಾರೆ. ಚೆಂಡಿದ್ದಾಗ ಆಡುವ ಆಕ್ರಮಣ ಪಡೆ ಬೇರೆ, ಇಲ್ಲದಿದ್ದಾಗ ಆಡುವ ರಕ್ಷಣಾ ಪಡೆ ಬೇರೆ, ಒದೆಯುವ ಸಂದರ್ಭಗಳಿಗೆ ವಿಶೇಷ ಪಡೆ ಬೇರೆ. ಹಿಂದೆ ಹೀಗಿರಲಿಲ್ಲ, ಅದೇ ಹನ್ನೊಂದು ಮಂದಿ ಎರಡೂ ಕೆಲಸ ಮಾಡುತ್ತಿದ್ದರು. 1950ರಲ್ಲಿ ಎನ್‌ಎಫ್‌ಎಲ್ ಮಿತಿಯಿಲ್ಲದ ಬದಲಾವಣೆಗೆ ಶಾಶ್ವತ ಒಪ್ಪಿಗೆ ಕೊಟ್ಟ ಮೇಲೆ ಒಂದೊಂದು ಕೆಲಸಕ್ಕೆ ಒಬ್ಬೊಬ್ಬ ಪರಿಣತ ಬಂದ.

ಆಕ್ರಮಣದಲ್ಲಿ ಮುಂದೆ ಸಾಲಾಗಿ ಐವರು ದಪ್ಪ ಮೈಕಟ್ಟಿನವರಿರುತ್ತಾರೆ. ನಡುವಿನವ ಸೆಂಟರ್, ಸ್ನ್ಯಾಪ್ ಕೊಡುವವನು. ಅವನ ಎರಡು ಪಕ್ಕ ಗಾರ್ಡ್‌ಗಳು, ಅವರಾಚೆ ಟ್ಯಾಕಲ್‌ಗಳು. ಸಾಮಾನ್ಯವಾಗಿ ಇವರು ಮುಂದಕ್ಕೆ ಎಸೆದ ಚೆಂಡನ್ನು ಹಿಡಿಯುವಂತಿಲ್ಲ. ಎದುರಾಳಿಗಳನ್ನು ತಡೆದು ದಾರಿ ಮಾಡುವುದು, ಎಸೆಯುವವನನ್ನು ಕಾಯುವುದು ಇವರ ಕೆಲಸ. ಹಿಂದೆ ನಿಂತು ಆಟ ನಡೆಸುವವನು ಕ್ವಾರ್ಟರ್‌ಬ್ಯಾಕ್. ಚೆಂಡು ಹಿಡಿದು ಓಡುವವ ರನ್ನಿಂಗ್ ಬ್ಯಾಕ್, ದೂರಕ್ಕೆ ಓಡಿ ಎಸೆತ ಹಿಡಿಯುವವರು ವೈಡ್ ರಿಸೀವರ್‌ಗಳು, ತಡೆಯುವುದನ್ನೂ ಹಿಡಿಯುವುದನ್ನೂ ಮಾಡುವವ ಟೈಟ್ ಎಂಡ್. ರಕ್ಷಣೆಯಲ್ಲಿ ಮುಂಚೂಣಿಯ ಸಾಲು, ಅದರ ಹಿಂದೆ ಲೈನ್‌ಬ್ಯಾಕರ್‌ಗಳು, ರಿಸೀವರ್‌ಗಳ ಬೆನ್ನುಹತ್ತುವ ಕಾರ್ನರ್‌ಬ್ಯಾಕ್‌ಗಳು, ಕೊನೆಯ ಕಾವಲಿಗೆ ಸೇಫ್ಟಿಗಳು. ಹೌದು, ಅಂಕಕ್ಕೂ ಆಟಗಾರನಿಗೂ ಒಂದೇ ಹೆಸರು, ಸಂದರ್ಭದಿಂದ ತಿಳಿದುಕೊಳ್ಳಬೇಕು.

ಕ್ವಾರ್ಟರ್‌ಬ್ಯಾಕಿನ ಹೆಲ್ಮೆಟ್ಟಿನಲ್ಲಿ 1994ರಿಂದ ಒಂದು ಪುಟ್ಟ ರೇಡಿಯೊ ಇದೆ. ತರಬೇತುದಾರ ಅದರ ಮೂಲಕ ಮುಂದಿನ ಪ್ರಯತ್ನದ ಯೋಜನೆಯನ್ನು ಹೇಳುತ್ತಾನೆ. ಸ್ನ್ಯಾಪ್‌ಗೆ ಕೊಟ್ಟ ಕಾಲಮಿತಿಯಲ್ಲಿ 15 ಸೆಕೆಂಡು ಉಳಿದಾಗ ಸಂಪರ್ಕ ಕಡಿದುಹೋಗುತ್ತದೆ. ಆಮೇಲೆ ಎದುರಿನ ಸಾಲನ್ನು ಓದಿ, ಯೋಜನೆ ಬದಲಿಸಬೇಕಿದ್ದರೆ ಕೈಸನ್ನೆ ಮಾಡಿ, ಕೂಗಿ ಹೇಳಬೇಕಾದವನು ಅವನೊಬ್ಬನೇ. ಅವನು ಸಾಲಿನ ಹಿಂದೆ ಅತ್ತಿಂದಿತ್ತ ನಡೆಯುತ್ತಾ ಬೆರಳು ತೋರಿಸಿ ಕೂಗುವುದು ಇದಕ್ಕೇ.

ನೋಡುವಾಗ ಒಂದು ಅಭ್ಯಾಸ ಮಾಡಿಕೊಳ್ಳಿ: ಸ್ನ್ಯಾಪ್ ಆದ ಮೊದಲ ಎರಡು ಸೆಕೆಂಡು ಚೆಂಡನ್ನು ಬಿಟ್ಟು ಆ ಐವರನ್ನು ನೋಡಿ. ಅವರು ಎದ್ದು ಹಿಂದಕ್ಕೆ ಸರಿದರೆ ಎಸೆತ ಬರಲಿದೆ, ಮುಂದಕ್ಕೆ ನುಗ್ಗಿದರೆ ಓಟ. ಕೆಲವೊಮ್ಮೆ ಬೇಕೆಂದೇ ಮೋಸ ಮಾಡುತ್ತಾರೆ. ಆದರೂ ಈ ಗುರುತು ಬಹಳ ಸಲ ಕೈಕೊಡುವುದಿಲ್ಲ.

ಹಂತ 5: ಎಸೆತದ ನಿಯಮ

ಒಂದು ಪ್ರಯತ್ನದಲ್ಲಿ ಚೆಂಡನ್ನು ಮುಂದಕ್ಕೆ ಒಮ್ಮೆ ಮಾತ್ರ ಎಸೆಯಬಹುದು, ಅದೂ ಸ್ಕ್ರಿಮೇಜ್ ಗೆರೆಯ ಹಿಂದಿನಿಂದ. ಹಿಂದಕ್ಕೋ ಪಕ್ಕಕ್ಕೋ ಎಷ್ಟು ಸಲ ಬೇಕಾದರೂ, ಯಾರು ಬೇಕಾದರೂ ಎಸೆಯಬಹುದು. ಮುಂದಕ್ಕೆ ಎಸೆದುದು ನೆಲಕ್ಕೆ ಬಿದ್ದರೆ ಪ್ರಯತ್ನ ವ್ಯರ್ಥವಷ್ಟೆ. ಹಿಂದಕ್ಕೆ ಎಸೆದುದು ಬಿದ್ದರೆ ಅದು ಸಿಕ್ಕಿದವರ ಪಾಲು. ಎದುರಾಳಿಯೇ ಎಸೆತವನ್ನು ಹಿಡಿದುಬಿಟ್ಟರೆ ಇಂಟರ್‌ಸೆಪ್ಶನ್, ಓಡುವವನ ಕೈಯಿಂದ ಜಾರಿದರೆ ಫಂಬಲ್.

ಈ ಮುಂದಿನ ಎಸೆತ ಆಟದೊಳಗೆ ಬಂದುದು ಸಾವುಗಳ ಕಾರಣದಿಂದ. ಮೂರು ಪ್ರಯತ್ನಗಳಲ್ಲಿ ಐದೇ ಗಜ ಬೇಕಾದ್ದರಿಂದ ಹತ್ತೊಂಬತ್ತನೆಯ ಶತಮಾನದ ಕೊನೆಯ ತಂಡಗಳಿಗೆ ಒಟ್ಟಾಗಿ ಕೈಕೈ ಹಿಡಿದು ನುಗ್ಗುವುದೇ ಲಾಭದ ದಾರಿಯಾಗಿತ್ತು. 1892ರಲ್ಲಿ ಹಾರ್ವರ್ಡ್ ಪ್ರಯೋಗಿಸಿದ ಹಾರುವ ಬೆಣೆಯೆಂಬ ವ್ಯೂಹದಲ್ಲಿ ಆಟಗಾರರು ದೂರದಿಂದ ಓಡಿ ಬಂದು ಬೆಣೆಯಾಕಾರದಲ್ಲಿ ಒಬ್ಬನೇ ಎದುರಾಳಿಯ ಮೇಲೆ ಎರಗುತ್ತಿದ್ದರು. ಅದನ್ನು 1894ರಲ್ಲಿ ನಿಷೇಧಿಸಿದರೂ ಗುಂಪಾಗಿ ನುಗ್ಗುವುದು ನಿಲ್ಲಲಿಲ್ಲ. 1905ರ ಒಂದೇ ಋತುವಿನಲ್ಲಿ ಕನಿಷ್ಠ 18 ಆಟಗಾರರು ಸತ್ತರೆಂದು ಪತ್ರಿಕೆಗಳು ಲೆಕ್ಕ ಕೊಟ್ಟವು. ಕೊಲಂಬಿಯಾ ವಿಶ್ವವಿದ್ಯಾಲಯ ಆಟವನ್ನೇ ಕೈಬಿಟ್ಟಿತು. ಆ ಅಕ್ಟೋಬರಿನಲ್ಲಿ ಅಧ್ಯಕ್ಷ ಥಿಯೋಡರ್ ರೂಸ್ವೆಲ್ಟ್ ಹಾರ್ವರ್ಡ್, ಯೇಲ್, ಪ್ರಿನ್ಸ್‌ಟನ್‌ಗಳ ಪ್ರತಿನಿಧಿಗಳನ್ನು ಶ್ವೇತಭವನಕ್ಕೆ ಕರೆಸಿ ಮಾತಾಡಿದರು. ಕಾಲೇಜುಗಳೆಲ್ಲ ಸೇರಿ ರಚಿಸಿಕೊಂಡ ಸಂಘವೇ ಮುಂದೆ 1910ರಲ್ಲಿ ಎನ್‌ಸಿಎಎ ಎಂಬ ಹೆಸರು ಪಡೆಯಿತು; ಇಂದಿಗೂ ಅಮೆರಿಕದ ಕಾಲೇಜು ಕ್ರೀಡೆಗಳ ಮುಖ್ಯ ಆಡಳಿತ ಸಂಸ್ಥೆ ಅದೇ.

ಆಟವನ್ನು ಚದುರಿಸಬೇಕೆಂಬ ಉದ್ದೇಶದಿಂದ 1906ರಲ್ಲಿ ಮುಂದಕ್ಕೆ ಎಸೆಯಲು ಅನುಮತಿ ಸಿಕ್ಕಿತು. ಅದೇ ಸೆಪ್ಟೆಂಬರ್ 5ರಂದು ವಿಸ್ಕಾನ್ಸಿನ್‌ನ ವಾಕೆಶಾದಲ್ಲಿ ಸೇಂಟ್ ಲೂಯಿಸ್ ವಿಶ್ವವಿದ್ಯಾಲಯದ ಬ್ರಾಡ್‌ಬರಿ ರಾಬಿನ್ಸನ್ ಮೊದಲ ಅಧಿಕೃತ ಎಸೆತವನ್ನು ಎಸೆದ. ಅದನ್ನು ಯಾರೂ ಹಿಡಿಯಲಿಲ್ಲ. ಅಂದಿನ ನಿಯಮದಂತೆ ಚೆಂಡು ಎದುರಾಳಿಗೆ ಹೋಯಿತು. ಪಂದ್ಯದಲ್ಲಿ ಮುಂದೆ ಅವನೇ ಎಸೆದ ಇನ್ನೊಂದು ಚೆಂಡು ಟಚ್‌ಡೌನ್ ಆಯಿತು. ಎಸೆತದ ಬಲವನ್ನು ದೇಶಕ್ಕೆಲ್ಲ ತೋರಿಸಿದ್ದು 1913ರಲ್ಲಿ ನೋಟರ್ ಡೇಮ್ ತಂಡ ಸೇನಾ ಅಕಾಡೆಮಿಯ ತಂಡವನ್ನು 35-13ರಿಂದ ಸೋಲಿಸಿದ ಪಂದ್ಯ. ಇಂದಿನ ಎಸೆತಪ್ರಧಾನ ಆಟಕ್ಕೆ ಮಾತ್ರ 1978ರವರೆಗೆ ಕಾಯಬೇಕಾಯಿತು. ಆ ವರ್ಷ ಎನ್‌ಎಫ್‌ಎಲ್, ರಕ್ಷಕರು ಗೆರೆಯಿಂದ 5 ಗಜದಾಚೆ ರಿಸೀವರನನ್ನು ತಳ್ಳಬಾರದೆಂದು ಕಟ್ಟುಮಾಡಿತು.

ಹಂತ 6: ಗಡಿಯಾರವನ್ನು ಗಮನಿಸಿ

ಒಂದು ಪ್ರಯತ್ನ ಮುಗಿದ ಮೇಲೆ ಮುಂದಿನ ಸ್ನ್ಯಾಪ್‌ಗೆ ಸಾಮಾನ್ಯವಾಗಿ 40 ಸೆಕೆಂಡು ಕಾಲಾವಕಾಶ. ಓಡಿದವನು ಮೈದಾನದೊಳಗೇ ಬಿದ್ದರೆ ಪಂದ್ಯದ ಗಡಿಯಾರ ಓಡುತ್ತಲೇ ಇರುತ್ತದೆ. ಎಸೆತ ನೆಲಕ್ಕೆ ಬಿದ್ದರೆ ನಿಲ್ಲುತ್ತದೆ. ಕೊನೆಯ ಕೆಲವು ನಿಮಿಷಗಳಲ್ಲಿ ಅಂಚು ದಾಟಿದರೂ ಮುಂದಿನ ಸ್ನ್ಯಾಪ್‌ವರೆಗೆ ನಿಲ್ಲುತ್ತದೆ. ಪ್ರತಿ ಅರ್ಧದಲ್ಲಿ ತಂಡಕ್ಕೆ ಮೂರು ಟೈಮ್‌ಔಟ್‌ಗಳಿವೆ, ಅಂದರೆ ಗಡಿಯಾರ ನಿಲ್ಲಿಸುವ ಅವಕಾಶಗಳು. ಮುಂದಿರುವ ತಂಡ ಓಡಿ ಸಮಯ ಸುಡುತ್ತದೆ, ಹಿಂದಿರುವ ತಂಡ ಎಸೆದು ಉಳಿಸುತ್ತದೆ. ಗೆಲುವು ಖಚಿತವಾದಾಗ ಕ್ವಾರ್ಟರ್‌ಬ್ಯಾಕ್ ಚೆಂಡು ಹಿಡಿದು ಮಂಡಿಯೂರಿಬಿಡುವುದೂ, ಅವಸರದಲ್ಲಿ ಬೇಕೆಂದೇ ಚೆಂಡನ್ನು ನೆಲಕ್ಕೆ ಅಪ್ಪಳಿಸುವುದೂ ಗಡಿಯಾರದ ಲೆಕ್ಕದ ಭಾಗ.

ಇದಕ್ಕೆ ಒಳ್ಳೆಯ ಪಾಠ 2015ರ ಫೆಬ್ರವರಿ 1ರ ಸೂಪರ್ ಬೌಲ್. ನ್ಯೂ ಇಂಗ್ಲೆಂಡ್ ಪೇಟ್ರಿಯಟ್ಸ್ 28, ಸಿಯಾಟಲ್ ಸೀಹಾಕ್ಸ್ 24. ಸಿಯಾಟಲ್‌ಗೆ ಟಚ್‌ಡೌನ್ ಬೇಕು, ಚೆಂಡು ಗೋಲ್ ಗೆರೆಯಿಂದ 1 ಗಜದಲ್ಲಿದೆ, ಎರಡನೆಯ ಪ್ರಯತ್ನ, 26 ಸೆಕೆಂಡು, ಒಂದೇ ಟೈಮ್‌ಔಟ್. ಹಿಂದಿನ ಪ್ರಯತ್ನದಲ್ಲಿ ಅದರ ರನ್ನಿಂಗ್ ಬ್ಯಾಕ್ ಮಾರ್ಷಾನ್ ಲಿಂಚ್ ನಾಲ್ಕು ಗಜ ಓಡಿದ್ದ. ಅವನಿಗೇ ಕೊಡುತ್ತಾರೆಂದು ಎಲ್ಲರೂ ಎಣಿಸಿದ್ದರು. ಆದರೆ ಕ್ವಾರ್ಟರ್‌ಬ್ಯಾಕ್ ರಸೆಲ್ ವಿಲ್ಸನ್ ಎಸೆದ. ಆ ವರ್ಷವಷ್ಟೇ ಲೀಗಿಗೆ ಬಂದಿದ್ದ ನ್ಯೂ ಇಂಗ್ಲೆಂಡಿನ ಮಾಲ್ಕಮ್ ಬಟ್ಲರ್ ರಿಸೀವರನ ಮುಂದೆ ನುಗ್ಗಿ ಚೆಂಡು ಹಿಡಿದ, ಪಂದ್ಯ ಮುಗಿಯಿತು. ಎಸೆದುದು ಮೂರ್ಖತನವೆಂದು ಇಂದಿಗೂ ಹೇಳುತ್ತಾರೆ, ನನಗೆ ಹಾಗನ್ನಿಸುವುದಿಲ್ಲ. ಓಡಿ ವಿಫಲವಾದರೆ ಗಡಿಯಾರ ಓಡುತ್ತದೆ, ಇದ್ದ ಒಂದು ಟೈಮ್‌ಔಟ್ ಖರ್ಚಾಗುತ್ತದೆ, ಉಳಿದ ಎರಡು ಪ್ರಯತ್ನಗಳಲ್ಲಿ ಒಂದಕ್ಕೆ ಸಮಯ ಸಾಲದೆ ಹೋಗಬಹುದು. ಎಸೆತ ನೆಲಕ್ಕೆ ಬಿದ್ದರೆ ಗಡಿಯಾರ ತಾನಾಗಿ ನಿಲ್ಲುತ್ತದೆ, ಮೂರೂ ಪ್ರಯತ್ನಗಳು ಕೈಯಲ್ಲಿರುತ್ತವೆ. ಲೆಕ್ಕ ಸರಿಯಿತ್ತು, ಬಟ್ಲರನ ಓದು ಅದಕ್ಕಿಂತ ಚೆನ್ನಾಗಿತ್ತು.

ಎಚ್ಚರಿಕೆ: ಫೆಬ್ರವರಿಯ ಸೂಪರ್ ಬೌಲ್ ಹಿಂದಿನ ವರ್ಷದ ಋತುವಿಗೆ ಸೇರಿದ್ದು. ಮೇಲೆ ಹೇಳಿದ್ದು 2014ರ ಋತುವಿನ ಅಂತಿಮ ಪಂದ್ಯ. ದಾಖಲೆಗಳನ್ನು ಹುಡುಕುವಾಗ ಈ ಒಂದು ವರ್ಷದ ಅಂತರ ಗೊಂದಲ ಹುಟ್ಟಿಸುತ್ತದೆ.

ಹಂತ 7: ಹಳದಿ ಬಟ್ಟೆ ಬಿದ್ದಾಗ

ತೀರ್ಪುಗಾರ ಎಸೆಯುವ ಹಳದಿ ಬಟ್ಟೆ ತಪ್ಪಾಗಿದೆ ಎಂಬ ಸೂಚನೆ. ಹೆಚ್ಚಿನ ಶಿಕ್ಷೆಗಳು ಗಜಗಳ ರೂಪದಲ್ಲಿವೆ. ಸ್ನ್ಯಾಪ್‌ಗೆ ಮೊದಲೇ ಆಕ್ರಮಣದವರು ಅಲುಗಾಡಿದರೆ 5 ಗಜ, ಆಕ್ರಮಣದವರು ಎದುರಾಳಿಯನ್ನು ಹಿಡಿದೆಳೆದರೆ 10, ಹೆಲ್ಮೆಟ್ಟಿನ ಮುಖಜಾಲರಿ ಹಿಡಿದೆಳೆದರೆ 15. ಎಸೆತ ಹಿಡಿಯಲು ಹೋಗುವವನಿಗೆ ರಕ್ಷಕ ಅಡ್ಡಿ ಮಾಡಿದರೆ ಎನ್‌ಎಫ್‌ಎಲ್‌ನಲ್ಲಿ ಚೆಂಡು ತಪ್ಪು ನಡೆದ ಜಾಗಕ್ಕೇ ಹೋಗುತ್ತದೆ. ಒಮ್ಮೊಮ್ಮೆ ನಲವತ್ತು ಗಜ ಪುಕ್ಕಟೆಯಾಗಿ ಸಿಗುವುದು ಹೀಗೆ.

ಶಿಕ್ಷೆಯನ್ನು ಒಪ್ಪುವುದೋ ಬಿಡುವುದೋ ತಪ್ಪಿನಿಂದ ತೊಂದರೆಗೊಳಗಾದ ತಂಡದ ಇಷ್ಟ. ಎದುರಾಳಿ ತಪ್ಪು ಮಾಡಿದ್ದರೂ ತಾವು 20 ಗಜ ಗಳಿಸಿದ್ದರೆ 5 ಗಜದ ಶಿಕ್ಷೆಯನ್ನು ಯಾರು ತಾನೇ ಒಪ್ಪುತ್ತಾರೆ? ಆದ್ದರಿಂದ ಬಟ್ಟೆ ಬಿದ್ದ ಕೂಡಲೇ ಸಂಭ್ರಮಿಸಬೇಡಿ, ನಿರಾಶರಾಗಲೂ ಬೇಡಿ. ಮುಖ್ಯ ತೀರ್ಪುಗಾರ ಮೈಕಿನಲ್ಲಿ ಹೇಳುವುದನ್ನು ಕೇಳಿ. ತರಬೇತುದಾರ ಎಸೆಯುವ ಕೆಂಪು ಬಟ್ಟೆ ಬೇರೆ: ಅದು ತೀರ್ಪಿನ ಮರುಪರಿಶೀಲನೆಗೆ ಸಲ್ಲಿಸುವ ಕೋರಿಕೆ, ಸೋತರೆ ಒಂದು ಟೈಮ್‌ಔಟ್ ಹೋಗುತ್ತದೆ.

ಹಂತ 8: ಕಾಲೇಜು ಮತ್ತು ಎನ್‌ಎಫ್‌ಎಲ್

ಅಮೆರಿಕದಲ್ಲಿ ಶುಕ್ರವಾರ ರಾತ್ರಿ ಪ್ರೌಢಶಾಲೆಗಳದ್ದು, ಶನಿವಾರ ಕಾಲೇಜುಗಳದ್ದು, ಭಾನುವಾರ ಎನ್‌ಎಫ್‌ಎಲ್‌ನದು. ಅಲ್ಲಿಗೆ ಓದಲು ಹೋಗುವವರಿಗೆ ಮೊದಲು ಎದುರಾಗುವುದು ಶನಿವಾರದ ಆಟವೇ. ಅದನ್ನು ಕೆಳದರ್ಜೆಯ ಆಟವೆಂದುಕೊಳ್ಳಬೇಡಿ; ಮಿಷಿಗನ್ ವಿಶ್ವವಿದ್ಯಾಲಯದ ಕ್ರೀಡಾಂಗಣದಲ್ಲಿ 1,07,000ಕ್ಕೂ ಹೆಚ್ಚು ಆಸನಗಳಿವೆ, ಯಾವ ಎನ್‌ಎಫ್‌ಎಲ್ ಕ್ರೀಡಾಂಗಣವೂ ಅಷ್ಟು ದೊಡ್ಡದಿಲ್ಲ. ನಿಯಮಗಳಲ್ಲಿ ಸಣ್ಣ ವ್ಯತ್ಯಾಸಗಳಿವೆ: ಅಂಚಿನಲ್ಲಿ ಚೆಂಡು ಹಿಡಿದವನ ಒಂದು ಕಾಲು ಒಳಗಿದ್ದರೆ ಕಾಲೇಜಿನಲ್ಲಿ ಸಾಕು, ಎನ್‌ಎಫ್‌ಎಲ್‌ನಲ್ಲಿ ಎರಡೂ ಕಾಲು ಬೇಕು. ಕಾಲೇಜಿನಲ್ಲಿ ಓಡುವವ ತಾನಾಗಿ ಎಡವಿ ಬಿದ್ದರೂ ಪ್ರಯತ್ನ ಮುಗಿಯಿತು. ಎನ್‌ಎಫ್‌ಎಲ್‌ನಲ್ಲಿ ಎದುರಾಳಿ ಮುಟ್ಟದಿದ್ದರೆ ಎದ್ದು ಓಡಬಹುದು.

ಹಣ ಪಡೆದು ಆಡುವುದು ಬಹುಕಾಲ ಕೀಳೆನಿಸಿಕೊಂಡಿತ್ತು. 1892ರಲ್ಲಿ ಪಿಟ್ಸ್‌ಬರ್ಗಿನ ಕ್ಲಬ್ಬೊಂದು ಯೇಲ್‌ನ ಹಳೆಯ ಆಟಗಾರ ವಿಲಿಯಂ ಹೆಫೆಲ್‌ಫಿಂಗರ್‌ಗೆ ಒಂದು ಪಂದ್ಯಕ್ಕೆ 500 ಡಾಲರ್ ಕೊಟ್ಟದ್ದು ದಾಖಲಾದ ಮೊದಲ ಸಂಬಳ. 1920ರ ಸೆಪ್ಟೆಂಬರ್ 17ರಂದು ಒಹಾಯೊದ ಕ್ಯಾಂಟನ್ ಊರಿನಲ್ಲಿ ರಾಲ್ಫ್ ಹೇ ಎಂಬವರ ಕಾರು ಮಾರಾಟದ ಅಂಗಡಿಯಲ್ಲಿ ತಂಡಗಳ ಪ್ರತಿನಿಧಿಗಳು ಸೇರಿದರು. ಕುರ್ಚಿ ಸಾಲದೆ ಕಾರುಗಳ ಮೆಟ್ಟಿಲ ಮೇಲೆ ಕುಳಿತೇ ಲೀಗ್ ಸ್ಥಾಪಿಸಿ, 1912ರ ಒಲಿಂಪಿಕ್ಸ್‌ನಲ್ಲಿ ಎರಡು ಚಿನ್ನ ಗೆದ್ದಿದ್ದ ಮೂಲನಿವಾಸಿ ಆಟಗಾರ ಜಿಮ್ ಥಾರ್ಪ್‌ನನ್ನು ಅಧ್ಯಕ್ಷನನ್ನಾಗಿ ಮಾಡಿದರು. 1922ರಲ್ಲಿ ಅದರ ಹೆಸರು ಎನ್‌ಎಫ್‌ಎಲ್ ಆಯಿತು. 1930ರ ದಶಕದ ನಡುವಿನಿಂದ ಕರಿಯ ಆಟಗಾರರನ್ನು ಈ ಲೀಗ್ ಹೊರಗಿಟ್ಟಿತ್ತು. 1946ರಲ್ಲಿ ಲಾಸ್ ಏಂಜಲೀಸ್ ರ‍್ಯಾಮ್ಸ್ ತಂಡದ ಕೆನ್ನಿ ವಾಷಿಂಗ್ಟನ್ ಮತ್ತು ವುಡಿ ಸ್ಟ್ರೋಡ್ ಆ ಗೋಡೆಯನ್ನು ಮುರಿದರು.

ಟಿವಿ ಬಂದ ಮೇಲೆ ಲೀಗಿನ ದೆಸೆ ತಿರುಗಿತು. 1958ರ ಅಂತಿಮ ಪಂದ್ಯದಲ್ಲಿ ಬಾಲ್ಟಿಮೋರ್ ಕೋಲ್ಟ್ಸ್ ಹೆಚ್ಚುವರಿ ಅವಧಿಯಲ್ಲಿ ನ್ಯೂಯಾರ್ಕ್ ಜೈಂಟ್ಸ್ ತಂಡವನ್ನು 23-17ರಿಂದ ಸೋಲಿಸಿದ್ದನ್ನು ದೇಶವೇ ನೋಡಿತು. ತಂಡ ಸಿಗದೆ ನಿರಾಶನಾದ ಲಾಮಾರ್ ಹಂಟ್ ಕಟ್ಟಿದ ಪ್ರತಿಸ್ಪರ್ಧಿ ಲೀಗ್ 1960ರಲ್ಲಿ ಆಡತೊಡಗಿತು. 1966ರಲ್ಲಿ ರಾಜಿಯಾಗಿ, 1967ರ ಜನವರಿಯಲ್ಲಿ ಎರಡು ಲೀಗ್‌ಗಳ ವಿಜೇತರ ನಡುವೆ ನಡೆದ ಪಂದ್ಯವೇ ಮೊದಲ ಸೂಪರ್ ಬೌಲ್. ಗ್ರೀನ್ ಬೇ ಪ್ಯಾಕರ್ಸ್ 35-10ರಿಂದ ಗೆದ್ದಿತು. ಲಕ್ಷದಷ್ಟು ಜನರಿರುವ ಗ್ರೀನ್ ಬೇ ಊರಿನ ತಂಡ ಇಂದಿಗೂ ಉಳಿದಿರುವುದಕ್ಕೆ ಟಿವಿ ಹಣವನ್ನು ಎಲ್ಲ ತಂಡಗಳೂ ಸಮನಾಗಿ ಹಂಚಿಕೊಳ್ಳುವ ಪದ್ಧತಿ ಮುಖ್ಯ ಕಾರಣ. ಹೊಸ ಆಟಗಾರರನ್ನು ಆರಿಸುವ ಡ್ರಾಫ್ಟ್‌ನಲ್ಲಿ ಹಿಂದಿನ ವರ್ಷ ಎಲ್ಲರಿಗಿಂತ ಹೆಚ್ಚು ಸೋತ ತಂಡಕ್ಕೆ ಮೊದಲ ಸರದಿ. ಬಂಡವಾಳಶಾಹಿಯ ತವರಿನಲ್ಲಿ ಇಷ್ಟೊಂದು ಸಮಪಾಲು ಕಂಡು ಅಚ್ಚರಿಯಾಗದಿರದು.

ಇಂದು ಲೀಗಿನಲ್ಲಿ 32 ತಂಡಗಳು, 16ರಂತೆ ಎರಡು ಬಣಗಳು. 2021ರಿಂದ ಪ್ರತಿ ತಂಡ 17 ಪಂದ್ಯ ಆಡುತ್ತದೆ, ಬಣಕ್ಕೆ ಏಳರಂತೆ 14 ತಂಡಗಳು ಮುಂದಿನ ಸುತ್ತಿಗೆ ಹೋಗುತ್ತವೆ. ಆ ಸುತ್ತಿನಲ್ಲಿ ಒಮ್ಮೆ ಸೋತರೆ ಮುಗಿಯಿತು.

ಹಂತ 9: ಆಡಬೇಕೆನ್ನುವವರಿಗೆ

ನೋಡಿ ಉತ್ಸಾಹಗೊಂಡು ಗೆಳೆಯರೊಡನೆ ಮೈದಾನಕ್ಕಿಳಿಯುವವರಿಗೆ ಒಂದು ಕಟ್ಟುನಿಟ್ಟಿನ ಮಾತು: ರಕ್ಷಣಾ ಸಾಮಗ್ರಿ ಮತ್ತು ಬಲ್ಲ ತರಬೇತುದಾರ ಇಲ್ಲದೆ ಕೆಡವುವ ಆಟ ಆಡಬೇಡಿ. ಹೆಲ್ಮೆಟ್ ಬುರುಡೆಯನ್ನು ಕಾಯುತ್ತದೆ, ಒಳಗಿನ ಮಿದುಳು ಅಲುಗಾಡುವುದನ್ನು ತಡೆಯುವುದಿಲ್ಲ. 2002ರಲ್ಲಿ ತೀರಿಕೊಂಡ ಪಿಟ್ಸ್‌ಬರ್ಗ್ ಸ್ಟೀಲರ್ಸ್‌ನ ಸೆಂಟರ್ ಮೈಕ್ ವೆಬ್‌ಸ್ಟರ್ ಅವರ ಮಿದುಳನ್ನು ಪರೀಕ್ಷಿಸಿದ ವೈದ್ಯ ಬೆನೆಟ್ ಒಮಾಲು, ಪದೇ ಪದೇ ಬಿದ್ದ ಪೆಟ್ಟುಗಳಿಂದಾದ ಸಿಟಿಇ ಎಂಬ ಮಿದುಳಿನ ಕಾಯಿಲೆಯನ್ನು ಗುರುತಿಸಿ 2005ರಲ್ಲಿ ಪ್ರಕಟಿಸಿದರು. ಲೀಗ್ ಅದನ್ನು ಒಪ್ಪಿಕೊಳ್ಳಲು ವರ್ಷಗಳೇ ಹಿಡಿದವು.

ನಿಮಗೆ ಹೊಂದುವುದು ಫ್ಲ್ಯಾಗ್ ಫುಟ್‌ಬಾಲ್. ಇದರಲ್ಲಿ ಕೆಡವುವುದಿಲ್ಲ, ಚೆಂಡು ಹಿಡಿದವನ ಸೊಂಟಪಟ್ಟಿಗೆ ಸಿಕ್ಕಿಸಿದ ಬಟ್ಟೆಯ ಪಟ್ಟಿಯನ್ನು ಕಿತ್ತರೆ ಪ್ರಯತ್ನ ಮುಗಿದಂತೆ. ತಂಡಕ್ಕೆ ಐವರು, 50 ಗಜ ಉದ್ದ 25 ಗಜ ಅಗಲದ ಮೈದಾನ, ಎರಡು ತುದಿಗಳಲ್ಲಿ 10 ಗಜಗಳ ಎಂಡ್ ಝೋನ್, 20 ನಿಮಿಷಗಳ ಎರಡು ಅರ್ಧಗಳು. ನಾಲ್ಕು ಪ್ರಯತ್ನಗಳಲ್ಲಿ ನಡುಗೆರೆ ದಾಟಬೇಕು, ದಾಟಿದರೆ ಟಚ್‌ಡೌನ್‌ಗಾಗಿ ಇನ್ನು ನಾಲ್ಕು. ಒಂದು ಚೆಂಡು ಮತ್ತು ಹತ್ತು ಸೊಂಟಪಟ್ಟಿಗಳಿದ್ದರೆ ಶಾಲೆಯ ಬಯಲಿನಲ್ಲೇ ಆಡಬಹುದು. 2023ರ ಅಕ್ಟೋಬರಿನಲ್ಲಿ ಮುಂಬೈಯಲ್ಲಿ ಸೇರಿದ್ದ ಅಂತಾರಾಷ್ಟ್ರೀಯ ಒಲಿಂಪಿಕ್ ಸಮಿತಿ, ಕ್ರಿಕೆಟ್ಟಿನ ಜೊತೆಗೇ ಇದನ್ನೂ 2028ರ ಲಾಸ್ ಏಂಜಲೀಸ್ ಒಲಿಂಪಿಕ್ಸ್‌ಗೆ ಸೇರಿಸಿತು. ಪುರುಷರಿಗೂ ಮಹಿಳೆಯರಿಗೂ ಪ್ರತ್ಯೇಕ ಸ್ಪರ್ಧೆಗಳಿರುತ್ತವೆ.